ಮಲ್ಲಪ್ರವೇಶವೂ ಸ್ವತೂರ್ಯವೂ

ಕನ್ಸೋಲ್ ಎಂಬ ಆಟದ ಯಂತ್ರದಲ್ಲಿ ಆಡತಕ್ಕ ಕುಸ್ತಿಯ ವಿಡಿಯೋ ಗೇಮುಗಳಲ್ಲಿ, ಆಟಗಾರನು ತಾನೇ ನಿರ್ಮಿಸಿದ ಮಲ್ಲನು ಅಖಾಡಕ್ಕೆ ಬರುವಾಗ ತನಗೆ ಬೇಕಾದ ಸಂಗೀತವನ್ನು ನುಡಿಸಿಕೊಳ್ಳುವ ಸೌಕರ್ಯವೊಂದು ಕೆಲವು ಕಾಲ ಇದ್ದಿತು. ಇದನ್ನು ಬಾಲಕರ ವಿನೋದವೆಂದು ಬದಿಗೊತ್ತುವವರು ಉಂಟು. ಆದರೆ ಪಾತ್ರವು ರಂಗವನ್ನು ಪ್ರವೇಶಿಸುವಾಗ ಎಂತಹ ಗಾನವಿರಬೇಕು, ಅದನ್ನು ಯಾವ ನ್ಯಾಯದಿಂದ ಗೊತ್ತುಮಾಡಬೇಕು ಎಂಬ ಪ್ರಶ್ನೆಗಳು ಭರತಮುನಿಯ ಕಾಲದಿಂದಲೂ ಶಾಸ್ತ್ರಕಾರರು ವಿಚಾರಮಾಡಿದವುಗಳೇ ಆದುದರಿಂದ, ಈ ಸೌಕರ್ಯದ ಗುಣದೋಷಗಳನ್ನು ಪರಿಶೀಲಿಸುವುದು ಅಪ್ರಸ್ತುತವಾಗದು. ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರ, ಹೆಗ್ಗಡದೇವನಕೋಟೆ ಎಂಬ ಮೈಸೂರು ಸೀಮೆಯ ನಾಲ್ಕು ತಾಲ್ಲೂಕುಗಳಲ್ಲಿ ಗರಡಿಯ ಮಾತೂ ತಮಟೆಯ ಪೆಟ್ಟೂ ಕಿವಿಗೆ ಹೊಸತಲ್ಲ. ಆ ಸೀಮೆಯ ಹುಡುಗನೊಬ್ಬನು ಈ ಯಂತ್ರದ ಮುಂದೆ ಕುಳಿತು ತನ್ನ ಊರಿನ ಪೈಲ್ವಾನನನ್ನು ಕಟ್ಟಹೊರಟನೆಂದು ಭಾವಿಸಿಕೊಂಡರೆ ವಿಷಯವು ಚೆನ್ನಾಗಿ ತಿಳಿಯುತ್ತದೆ.

ಮೊದಲು ವಸ್ತುಸ್ಥಿತಿಯನ್ನು ಹೇಳಬೇಕು. ಈ ಗೇಮುಗಳು ಅನುಕರಿಸುವುದು ಗರಡಿಯ ಮಟ್ಟಿಕುಸ್ತಿಯನ್ನಲ್ಲ. ಅಮೆರಿಕದಲ್ಲಿ ಬೆಳೆದ ಪ್ರದರ್ಶನದ ಕುಸ್ತಿಯನ್ನು. ಅಲ್ಲಿ ಸೋಲುಗೆಲವುಗಳು ಮೊದಲೇ ನಿಶ್ಚಿತವಾಗಿರುವುವು. ಮಲ್ಲನಿಗೆ ವೇಷವುಂಟು, ಬಿರುದುಂಟು, ಕಥೆಯುಂಟು; ಆದುದರಿಂದ ಅದು ವಸ್ತುತಃ ನಾಟ್ಯದ ಒಂದು ಪ್ರಭೇದವೇ ಹೊರತು ಕೇವಲ ಮಲ್ಲವಿದ್ಯೆಯಲ್ಲ. ಕಲ್ಯಾಣದ ಚಾಲುಕ್ಯರಾಜನಾದ ಮೂರನೆಯ ಸೋಮೇಶ್ವರನು ಹನ್ನೆರಡನೆಯ ಶತಮಾನದಲ್ಲಿ ರಚಿಸಿದ ಮಾನಸೋಲ್ಲಾಸದಲ್ಲಿ ಮಲ್ಲರ ಆಹಾರ ವ್ಯಾಯಾಮಾದಿಗಳನ್ನು ಹೇಳುವ 'ಮಲ್ಲವಿನೋದ'ವೆಂಬ ಪ್ರಕರಣವೇ ಉಂಟು. ಆದರೆ ಈ ಗೇಮುಗಳನ್ನು ತೂಗುವುದಕ್ಕೆ ಅದಕ್ಕಿಂತ ನಾಟ್ಯಶಾಸ್ತ್ರವೇ ತಕ್ಕ ತಕ್ಕಡಿ.

ಹುಡುಗನ ಸ್ವಂತ ಸಂಗೀತಕ್ಕೆ ಎಡೆಯಾದುದು ಯಂತ್ರದಲ್ಲಾದ ಒಂದು ಮಾರ್ಪಾಟಿನಿಂದ. ೨೦೦೧ರಲ್ಲಿ ಬಂದ ಎಕ್ಸ್‌ಬಾಕ್ಸ್ ಯಂತ್ರದೊಳಗೆ ಹಾರ್ಡ್ ಡಿಸ್ಕ್ ಇದ್ದಿತು. ಹಾಡಿನ ಸಿ. ಡಿ.ಯನ್ನು ಅದಕ್ಕೆ ಹಾಕಿದರೆ ಹಾಡುಗಳು ಪ್ರತಿಯಾಗಿ ಒಳಗೆ ನಿಲ್ಲುತ್ತಿದ್ದುವು. ೨೦೦೩ರ 'ರಾ ೨' ಎಂಬ ಗೇಮಿನಲ್ಲಿ ಹೀಗೆ ಕೂಡಿಟ್ಟ ಹಾಡನ್ನು ಮಲ್ಲನ ಪ್ರವೇಶಕ್ಕೆ ಕಟ್ಟಬಹುದಾಗಿದ್ದಿತು. ಅದರ ಮುಂದಿನ ಪೀಳಿಗೆಯ ಯಂತ್ರಗಳಲ್ಲಿಯೂ ಈ ಸೌಕರ್ಯವು ನಡೆದುಬಂದು, ೨೦೧೩ರಲ್ಲಿ ಪ್ರಕಟವಾದ 'ಡಬ್ಲ್ಯೂ ಡಬ್ಲ್ಯೂ ಇ ೨ಕೆ೧೪'ರ ತನಕ ಉಳಿಯಿತು. ೨೦೧೪ರಲ್ಲಿ '೨ಕೆ೧೫' ಹೊಸ ಪೀಳಿಗೆಯ ಕನ್ಸೋಲುಗಳಿಗೆ ಬಂದಾಗ ಅದು ಇರಲಿಲ್ಲ. ೨೦೨೨ರ '೨ಕೆ೨೨'ರಲ್ಲಿಯೂ ಮರಳಲಿಲ್ಲ.

ನಾಟ್ಯಶಾಸ್ತ್ರದ ಮೂವತ್ತೆರಡನೆಯ ಅಧ್ಯಾಯದಲ್ಲಿ ಧ್ರುವಾಗಾನದ ಲಕ್ಷಣವಿದೆ. ಪ್ರಾವೇಶಿಕೀ, ಆಕ್ಷೇಪಿಕೀ, ಪ್ರಾಸಾದಿಕೀ, ಆಂತರಾ, ನೈಷ್ಕ್ರಾಮಿಕೀ ಎಂದು ಧ್ರುವೆಗಳು ಐದು. ಇವುಗಳಲ್ಲಿ ಮೊದಲನೆಯದು ಪಾತ್ರವು ರಂಗಕ್ಕೆ ಬರುವಾಗ ಹಾಡತಕ್ಕದ್ದು. ಬರುತ್ತಿರುವವನು ಯಾರು, ಎಂತಹ ಪ್ರಕೃತಿಯವನು, ಯಾವ ಅವಸ್ಥೆಯಲ್ಲಿರುವನು ಎಂಬುದನ್ನು ಅವನು ಬಾಯಿ ತೆರೆಯುವ ಮೊದಲೇ ಸಭಿಕರ ಮನಸ್ಸಿಗೆ ಮುಟ್ಟಿಸುವುದು ಅದರ ಕಾರ್ಯ. ಅದಕ್ಕಾಗಿಯೇ ರಾಜರಿಗೆ ಚಂದ್ರ ಸೂರ್ಯರ, ದೈತ್ಯ ರಾಕ್ಷಸರಿಗೆ ಮೇಘ ಪರ್ವತ ಸಾಗರಗಳ ಸಾದೃಶ್ಯವನ್ನು ಅಲ್ಲಿ ವಿಧಿಸಿದೆ. ಅಳುತ್ತಲೋ ಸಂಭ್ರಮದಿಂದಲೋ ನುಗ್ಗಿಬರುವ ಪಾತ್ರಕ್ಕೆ ಧ್ರುವೆಯು ಕೂಡದೆಂಬ ನಿಷೇಧವೂ ಉಂಟು. ಪ್ರದರ್ಶನದ ಕುಸ್ತಿಯಲ್ಲಿ ಹಿಂದಿನಿಂದ ಬಂದು ಹೊಂಚಿ ಹೊಡೆಯುವ ಮಲ್ಲನು ವಾದ್ಯವಿಲ್ಲದೆ ಬರುವುದನ್ನು ಕಂಡವರಿಗೆ ಈ ನಿಷೇಧದ ಮರ್ಮವನ್ನು ಬಿಡಿಸಿ ಹೇಳಬೇಕಾದುದಿಲ್ಲ.

ಈ ಧ್ರುವೆಯೇ ದೇಶ್ಯರಂಗದಲ್ಲಿ 'ದರುವು' ಆಯಿತೆಂದು ವಿದ್ವಾಂಸರು ಹೇಳುವುದುಂಟು. ಮೈಸೂರು ಸೀಮೆಯ ಮೂಡಲಪಾಯದ ಆಟದಲ್ಲಿ ತೆರೆಯ ಹಿಂದೆ ವೇಷವು ನಿಂತಿರುವಾಗ ಭಾಗವತನು ಪ್ರವೇಶದ ದರುವನ್ನು ಎತ್ತುತ್ತಾನೆ. ತೆರೆ ಸರಿದು ವೇಷವು ಕುಣಿದು ನಿಂತ ಮೇಲೆ ಸಾರಥಿಯು 'ತಾವು ಯಾರು' ಎಂದು ವಿಚಾರಿಸುತ್ತಾನೆ. ಹಾಡಿನಿಂದ ಅರ್ಧ ತಿಳಿದಿದ್ದುದು ಮಾತಿನಿಂದ ಪೂರ್ಣವಾಗುತ್ತದೆ. ಗೇಮಿನ ಮಲ್ಲನಿಗೆ ಸಾರಥಿಯೂ ಇಲ್ಲ, ಮಾತೂ ವಿಶೇಷವಾಗಿಲ್ಲ. ಅವನು ಯಾರೆಂಬುದನ್ನು ಹೇಳುವ ಭಾರವು ಪ್ರವೇಶದ ಸಂಗೀತದ ಮೇಲೆಯೇ ಬಹುಮಟ್ಟಿಗೆ ಬೀಳುತ್ತದೆ.

ಹೀಗಿರುವಲ್ಲಿ ಆ ಸಂಗೀತದ ಪ್ರಾಣವು ಔಚಿತ್ಯವೆಂಬುದು ಸಿದ್ಧ. ಅನೌಚಿತ್ಯಕ್ಕಿಂತ ರಸಭಂಗಕ್ಕೆ ಬೇರೆ ಕಾರಣವಿಲ್ಲವೆಂಬುದು ಆನಂದವರ್ಧನನ ಮತ. ಆದರೆ ಅನೌಚಿತ್ಯವೂ ಬುದ್ಧಿಪೂರ್ವಕವಾಗಿದ್ದರೆ ಹಾಸ್ಯಕ್ಕೆ ಬೀಜವಾಗುವುದುಂಟು. ೧೯೪೦ರ ದಶಕದಲ್ಲಿ ಗಾರ್ಜಿಯಸ್ ಜಾರ್ಜ್ ಎಂಬ ಅಮೆರಿಕದ ಮಲ್ಲನು, ಇಂಗ್ಲೆಂಡಿನ ಎಲ್ಗಾರನು ೧೯೦೧ರಲ್ಲಿ ರಚಿಸಿದ 'ಪಾಂಪ್ ಅಂಡ್ ಸರ್ಕಮ್‌ಸ್ಟನ್ಸ್' ಎಂಬ ರಾಜಗಂಭೀರವಾದ ವಾದ್ಯಕೃತಿಯನ್ನು ನುಡಿಸುತ್ತಿರಲು, ಸೇವಕನಿಂದ ಸುಗಂಧವನ್ನು ಸಿಂಪಡಿಸಿಕೊಂಡು, ಗುಂಗುರುಗೂದಲಿನಿಂದ ಮೆರೆಯುತ್ತ ಬರುತ್ತಿದ್ದನು. ದಂಭಿಗೆ ಚಕ್ರವರ್ತಿಯ ವಾದ್ಯ. ಜನರು ಕೂಗಿ ಹಳಿಯುವುದಕ್ಕೆ ಬೇಕಾದುದೆಲ್ಲ ಅಷ್ಟರಲ್ಲಿಯೇ ಆಯಿತು. ಇದನ್ನು ಆರಿಸಿದವನು ಶಾಸ್ತ್ರವನ್ನು ಓದದಿದ್ದರೂ ಶಾಸ್ತ್ರಜ್ಞನೇ ಸರಿ.

ಸ್ವಂತ ಸಂಗೀತವನ್ನು ಹಾಕಿಕೊಳ್ಳುವ ಆಟಗಾರರಲ್ಲಿ ಈ ವಿವೇಕವು ಸುಲಭವಾಗಿ ದೊರೆಯತಕ್ಕದ್ದಲ್ಲ. ತನಗೆ ಪ್ರಿಯವಾದ ಹಾಡನ್ನು ತನ್ನ ಮಲ್ಲನಿಗೆ ಕಟ್ಟುವುದು ಆಟಗಾರನಿಗೆ ಸಹಜವಾದ ಪ್ರವೃತ್ತಿ. ಇಲ್ಲಿ ಪ್ರಿಯವಾದುದು ಬೇರೆ, ಉಚಿತವಾದುದು ಬೇರೆ. ಸಿನಿಮಾ ಹಾಡಿನ ವಿಷಯದಲ್ಲಿ ಈ ಭೇದವು ವಿಶೇಷವಾಗಿ ಕಾಣುತ್ತದೆ. 'ಪೈಲ್ವಾನ್' (೨೦೧೯), 'ಗರಡಿ' (೨೦೨೩) ಎಂಬ ಕನ್ನಡ ಚಿತ್ರಗಳು ಕುಸ್ತಿಯನ್ನೇ ಕಥೆಯಾಗಿ ಉಳ್ಳವು. ಅವುಗಳ ಹಾಡು ಗೇಮಿನ ಮಲ್ಲನಿಗೆ ಒಪ್ಪುವುದೆಂದು ಯಾರಿಗಾದರೂ ತೋರುವುದು. ಆದರೆ ಆ ಹಾಡಿಗೆ ನಾಯಕನೊಬ್ಬನು ಆಗಲೇ ಇದ್ದಾನೆ. ಅದು ಕಿವಿಗೆ ಬಿದ್ದೊಡನೆ ಪರದೆಯ ನಟನ ಮುಖವು ನೆನಪಿಗೆ ಬರುವುದೇ ವಿನಾ, ಹುಡುಗನು ಕಣ್ಣು ಮೂಗು ತೋಳು ತೊಡೆಗಳನ್ನು ತಿದ್ದಿ ತಿದ್ದಿ ಕಟ್ಟಿದ ಪಿರಿಯಾಪಟ್ಟಣದ ಪೈಲ್ವಾನನು ತೋರುವುದಿಲ್ಲ. ಅನ್ಯನ ಬಿರುದನ್ನು ಕಟ್ಟಿಕೊಂಡು ಬಂದವನಂತೆ ಅವನು ತನ್ನ ಅಖಾಡದಲ್ಲಿಯೇ ಪರಕೀಯನಾಗುತ್ತಾನೆ.

ಹಾಗೆಂದು ಗೇಮಿನೊಳಗೆ ಕಂಪನಿಯವರು ಕೊಟ್ಟಿರುವ ಸಿದ್ಧಸಂಗೀತವೇ ಲೇಸೆನ್ನಬಹುದೇ ಎಂದರೆ, ಅದೂ ಆಗದು. ಪ್ರದರ್ಶನದ ಕುಸ್ತಿಯು ಭಾರತೀಯನನ್ನು ಕಂಡ ಬಗೆಯನ್ನು ನೋಡಬೇಕು. ೨೦೦೬ರಲ್ಲಿ ಆ ರಂಗಕ್ಕೆ ಬಂದ ದಲೀಪ್ ಸಿಂಗ್ ರಾಣಾ, ಎಂದರೆ ದಿ ಗ್ರೇಟ್ ಖಲಿಗೆ, ಕೆಲಕಾಲದ ಮೇಲೆ ಪಂಜಾಬಿನ ಐದು ನದಿಗಳ ಹೆಸರುಳ್ಳ ಭಾಂಗ್ಡಾ ಧಾಟಿಯ ಸಂಗೀತವು ದೊರೆಯಿತು. ೨೦೧೭ರಲ್ಲಿ ಚಾಂಪಿಯನ್ ಆದ ಜಿಂದರ್ ಮಹಲನದೂ ಪಂಜಾಬೀ ಧಾಟಿಯೇ. ಅವರವರಿಗೆ ಅದು ತಕ್ಕದ್ದೇ, ಆಕ್ಷೇಪವಿಲ್ಲ. ಆದರೆ ಕಾವೇರಿ, ಲಕ್ಷ್ಮಣತೀರ್ಥ, ಕಪಿಲೆಗಳ ದಂಡೆಯವನು ಆ ಭಾಂಡಾರವನ್ನು ಹುಡುಕಿದರೆ ಅವನ ಪಾಲಿಗೆ ದೊರೆಯುವುದು ಪಂಜಾಬಿನ ಢೋಲು, ಇಲ್ಲವೆ ಅಮೆರಿಕದ ಗಿಟಾರು. ಬೀಸುಕಂಸಾಳೆಯ ತಾಳವಾಗಲಿ ನಗಾರಿಯ ಪೆಟ್ಟಾಗಲಿ ಅಲ್ಲಿ ಹುಡುಕಿದರೂ ಸಿಕ್ಕತಕ್ಕದ್ದಲ್ಲ. ಸ್ವಂತ ಸಂಗೀತದ ಸೌಕರ್ಯಕ್ಕೆ ನಿಜವಾದ ಸಮರ್ಥನೆಯಿರುವುದು ಇಲ್ಲಿಯೇ.

ಹಾಗಾದರೆ ಊರಿನ ತಮಟೆಯನ್ನೇ ಧ್ವನಿಮುದ್ರಿಸಿ ಯಂತ್ರಕ್ಕೆ ಕೊಟ್ಟರೆ ಸಾಕಷ್ಟೆ? ಇಲ್ಲಿ ಸೂಕ್ಷ್ಮವೊಂದಿದೆ. ಜಾತ್ರೆಯ ಅಖಾಡದಲ್ಲಿ ತಮಟೆಯವನು ಮೊದಲು ಬೆಂಕಿಗೆ ಚರ್ಮವನ್ನು ಹಿಡಿದು ಕಾಯಿಸುತ್ತಾನೆ. ಬಿಗುವು ಬಂದ ಮೇಲೆ ಬಡಿತಕ್ಕೆ ತೊಡಗುತ್ತಾನೆ. ಆದರೆ ಅವನ ಕಣ್ಣು ಕೈಯ ಮೇಲಿರುವುದಿಲ್ಲ, ಪೈಲ್ವಾನನ ಕಾಲಿನ ಮೇಲಿರುತ್ತದೆ. ಪೈಲ್ವಾನನು ಮಣ್ಣನ್ನು ಮುಟ್ಟಿ ಹಣೆಗೆ ಒತ್ತಿಕೊಳ್ಳುವಷ್ಟು ಕಾಲ ಪೆಟ್ಟು ಮೆಲ್ಲಗಾಗುವುದು. ತೊಡೆ ತಟ್ಟಿದರೆ ತಮಟೆಯೂ ತಟ್ಟುವುದು. ಜೋಡಿಯು ಸೇರಿ ಕತ್ತಿಗೆ ಕೈಹಾಕಿ ತೂಗುತ್ತಿರುವಾಗ ಒಂದೇ ಗತ್ತು ಹರಿಯುತ್ತಿದ್ದು, ಒಬ್ಬನು ಪಟ್ಟು ಹಾಕಿ ಇನ್ನೊಬ್ಬನನ್ನು ಎತ್ತಿದ ಕ್ಷಣದಲ್ಲಿ ದುಪ್ಪಟ್ಟಾಗಿ ಏರುವುದು. ಬೆನ್ನು ಮಣ್ಣಿಗೆ ಬಿದ್ದಲ್ಲಿಗೆ ಜನರ ಕೂಗಿನೊಳಗೆ ಮುಳುಗಿಹೋಗುವುದು. ವಾದ್ಯವು ದೇಹವನ್ನು ಹಿಂಬಾಲಿಸುತ್ತದೆ. ಇದೇ ಅಲ್ಲಿಯ ಲಯದ ಗುಟ್ಟು.

ಗೇಮಿನಲ್ಲಿ ಯಾವುದೂ ಯಾವುದನ್ನೂ ಹಿಂಬಾಲಿಸುವುದಿಲ್ಲ. ಮಲ್ಲನ ನಡಿಗೆ, ಕೈಯೆತ್ತುವ ಭಂಗಿ, ಹಗ್ಗವನ್ನು ದಾಟುವ ರೀತಿ ಎಲ್ಲವೂ ಮೊದಲೇ ಅಚ್ಚುಹಾಕಿದಂತಿರುವುವು. ಆಟಗಾರನು ಪಟ್ಟಿಯಿಂದ ಒಂದನ್ನು ಆರಿಸತಕ್ಕದ್ದು. ಹಾಡು ಅದರ ಪಾಡಿಗೆ ಅದು ಓಡುತ್ತದೆ. ಕಂಪನಿಯವರೇ ಜೋಡಿಸಿದ ಪ್ರವೇಶಗಳಲ್ಲಿ ಕೈಯೆತ್ತಿದೊಡನೆ ವಾದ್ಯವು ಮೊರೆಯುವಂತೆ ಹೊಂದಿಸಿರುವುದುಂಟು. ಸ್ವಂತ ಹಾಡನ್ನು ಹಾಕಿದ ಕೂಡಲೇ ಆ ಹೊಂದಿಕೆ ಕಳಚಿಬೀಳುತ್ತದೆ. ಪಲ್ಲವಿಯು ಇನ್ನೂ ಏಳದಿರುವಾಗಲೇ ಮಲ್ಲನು ಭುಜವನ್ನು ಕೊಡವಿ ಮುಗಿಸಿರುತ್ತಾನೆ. ಹಾಡು ಆರ್ಭಟಿಸುವ ಹೊತ್ತಿಗೆ ಸುಮ್ಮನೆ ನಿಂತಿರುತ್ತಾನೆ. ಇದನ್ನು ಕಂಡು, ಧ್ವನಿಮುದ್ರಿತವಾದ ತಮಟೆಯು ಸತ್ತ ತಮಟೆಯೆಂದು ಆಕ್ಷೇಪಿಸುವವರಿದ್ದಾರು. ಆ ಆಕ್ಷೇಪವು ನಿಲ್ಲತಕ್ಕದ್ದಲ್ಲ. ಧ್ರುವೆಯೂ ಪೂರ್ವರಚಿತವೇ ಆಗಿದ್ದಿತು. ನಟನು ಅದರ ಲಯಕ್ಕೆ ಹೆಜ್ಜೆಯಿಡುತ್ತಿದ್ದನು. ದೋಷವಿರುವುದು ಮುದ್ರಣದಲ್ಲಲ್ಲ, ಆರಿಸುವ ಕ್ರಮದಲ್ಲಿ. ಮೊದಲು ನಡಿಗೆಯನ್ನು ಆರಿಸಿ, ಅದರ ಹೆಜ್ಜೆಗಳನ್ನು ಎಣಿಸಿಕೊಂಡು, ಅದೇ ಕಾಲಪ್ರಮಾಣಕ್ಕೆ ತಮಟೆಯವನಿಂದ ಬಡಿಸಿ ಮುದ್ರಿಸಿಕೊಂಡರೆ ಯಂತ್ರದಲ್ಲಿಯೂ ವಾದ್ಯವು ದೇಹವನ್ನು ಹಿಂಬಾಲಿಸಿದಂತಾಗುವುದು. ಇಷ್ಟು ಶ್ರಮಪಡುವವರು ವಿರಳ; ಆದರೆ ಅಸಾಧ್ಯವೇನೂ ಅಲ್ಲ.

ಇನ್ನು ಗೆಲವಿನ ವಾದ್ಯ. ಗೇಮಿನಲ್ಲಿ ಜೋಡಿ ಮುಗಿದ ಮೇಲೆ ಗೆದ್ದವನ ಪ್ರವೇಶಸಂಗೀತವೇ ಮತ್ತೆ ನುಡಿಯುತ್ತದೆ. ಪ್ರಾವೇಶಿಕಿಯೇ ನೈಷ್ಕ್ರಾಮಿಕಿಯೂ ಆಗುವ ಈ ಏರ್ಪಾಡು ಶಾಸ್ತ್ರದಲ್ಲಿಲ್ಲದಿದ್ದರೂ ರಸಕ್ಕೆ ಅನುಗುಣವಾದುದೇ. ಇದರ ತೀಕ್ಷ್ಣತೆಯನ್ನು ಅರಿಯಬೇಕಾದರೆ ಶ್ರೀಮದ್ಭಾಗವತದ ದಶಮಸ್ಕಂಧದ ಮಲ್ಲರಂಗವನ್ನು ನೆನೆಯಬೇಕು. ಮಥುರೆಯಲ್ಲಿ ರಂಗವನ್ನು ಸಿಂಗರಿಸಿ ವಾದ್ಯಗಳನ್ನು ಇರಿಸಿದವನು ಕಂಸ. ಚಾಣೂರ ಮುಷ್ಟಿಕಾದಿಗಳು ಹತರಾಗಿ ಉಳಿದ ಮಲ್ಲರು ಓಡಿಹೋದ ಮೇಲೆ, ಅದೇ ವಾದ್ಯಗಳು ಮೊಳಗುತ್ತಿರಲು ರಾಮಕೃಷ್ಣರು ಗೊಲ್ಲ ಗೆಳೆಯರೊಡನೆ ಗೆಜ್ಜೆ ಕಟ್ಟಿ ಕುಣಿದರು. ಆಗ ಕಂಸನು ಮಾಡಿದ ಮೊದಲನೆಯ ಕೆಲಸವೆಂದರೆ ವಾದ್ಯಗಳನ್ನು ನಿಲ್ಲಿಸಿದುದು. ಶಿಕ್ಷೆಯ ಆಜ್ಞೆಗಳು ಅನಂತರ ಬಂದುವು. ಮೂಲದಲ್ಲಿ 'ಸ್ವತೂರ್ಯ'ವೆಂಬ ಪದವಿದೆ. ತನ್ನ ವಾದ್ಯ, ತಾನು ಕೂಲಿಕೊಟ್ಟು ಇರಿಸಿದ ವಾದ್ಯ, ಅನ್ಯನ ಗೆಲವಿಗೆ ನುಡಿಯುವುದನ್ನು ಅವನು ಸಹಿಸಲಾರದೆ ಹೋದನು. ಸ್ವಂತ ಸಂಗೀತವನ್ನು ಆಯ್ದು ಕಟ್ಟಿದ ಹುಡುಗನು ಸೋತಾಗ ಕೇಳಬೇಕಾದುದು ಎದುರಾಳಿಯ ಹಾಡನ್ನು. ಗೆದ್ದಾಗ ತನ್ನ ಊರಿನ ಪೆಟ್ಟು ಆ ವಿದೇಶೀ ಅಖಾಡದಲ್ಲಿ ಮೊಳಗುವುದು. ಈ ಪಣವು ಸಿದ್ಧಸಂಗೀತದಿಂದ ಉಂಟಾಗುವುದಿಲ್ಲ.

ಈ ಸೌಕರ್ಯವು ಏಕೆ ಹೋಯಿತೆಂದರೆ, ಹೊಸ ಯಂತ್ರಗಳು ಹಾಡನ್ನು ತಮ್ಮೊಳಗೆ ಪ್ರತಿಮಾಡಿಕೊಂಡು ಗೇಮಿಗೆ ಒಪ್ಪಿಸುವ ಹಿಂದಿನ ಏರ್ಪಾಡನ್ನು ಮುಂದುವರಿಸಲಿಲ್ಲ. ೨೦೧೩ರ ಪ್ಲೇಸ್ಟೇಷನ್ ೪ ಹಾಡಿನ ಸಿ. ಡಿ.ಯನ್ನೇ ನುಡಿಸದು. ಅದರ ಮೇಲೆ, ಆಟಗಾರರು ತಾವು ಕಟ್ಟಿದ ಮಲ್ಲರನ್ನು ಒಬ್ಬರಿಗೊಬ್ಬರು ಅಂತರ್ಜಾಲದಲ್ಲಿ ಹಂಚಿಕೊಳ್ಳುವ ಪದ್ಧತಿ ಬೆಳೆದುದರಿಂದ, ಮಲ್ಲನೊಡನೆ ಪರರ ಹಾಡೂ ಹಂಚಿಕೆಯಾದೀತೆಂಬ ಹಕ್ಕಿನ ತೊಡಕು ಇದ್ದೇ ಇರುತ್ತದೆ. ಕೃತಿಕಾರನ ಹಕ್ಕು ಗೌರವಾರ್ಹವಾದುದು, ಅದನ್ನು ಅಲ್ಲಗಳೆಯಲಾಗದು. ಆದರೆ ಭಾರತದ ೧೯೫೭ರ ಕೃತಿಸ್ವಾಮ್ಯದ ಕಾಯಿದೆಯು ಸ್ವಂತ ಉಪಯೋಗಕ್ಕಾಗಿ ನ್ಯಾಯವಾದ ಮಿತಿಯಲ್ಲಿ ಬಳಸುವುದನ್ನು ಅಪರಾಧವೆಂದು ಎಣಿಸುವುದಿಲ್ಲ. ಮನೆಯೊಳಗೆ ಕುಳಿತು ಆಡುವವನ ಹಾಡನ್ನೂ ಊರಿಗೆಲ್ಲ ಹಂಚುವವನ ಹಾಡನ್ನೂ ಒಂದೇ ಬೀಗದಲ್ಲಿ ಹಾಕಿದುದು ವಿಚಾರಪೂರ್ವಕವಾದ ಕಾರ್ಯವಲ್ಲ. ಹೆಗ್ಗಡದೇವನಕೋಟೆಯ ತಮಟೆಯ ಗತ್ತಿಗೆ ಯಾವ ಕಂಪನಿಯೂ ಒಡೆಯನಲ್ಲ. ಅದೂ ಅನ್ಯಾಯವಾಗಿ ಹೊರಗೆ ಉಳಿಯಿತು.

ವಿಚಿತ್ರವೇನೆಂದರೆ, ಚಿತ್ರಗಳ ವಿಷಯದಲ್ಲಿ ಈ ಬಿಗಿ ಇಲ್ಲ. '೨ಕೆ೨೨'ರಲ್ಲಿ ಆಟಗಾರನು ತನ್ನ ಚಿತ್ರಗಳನ್ನು ಕಳುಹಿಸಿ ಮಲ್ಲನ ಮುಖಕ್ಕೂ ಉಡುಪಿಗೂ ಅಂಟಿಸಬಹುದಾಗಿದ್ದಿತು. ಆದುದರಿಂದ ಹುಣಸೂರಿನ ಪೈಲ್ವಾನನು ಆ ಅಖಾಡಕ್ಕೆ ತನ್ನ ಮುಖದೊಡನೆ, ತನ್ನ ಲಂಗೋಟಿಯ ಬಣ್ಣದೊಡನೆ, ಎದೆಯ ಮೇಲೆ ಹನುಮಂತನ ಚಿತ್ರದೊಡನೆ ಬರಲು ಅಡ್ಡಿಯಿರಲಿಲ್ಲ. ಬರುವಾಗ ನುಡಿಯುತ್ತಿದ್ದುದು ಮಾತ್ರ ಅಮೆರಿಕದ ಗಿಟಾರು.