ಭಗ್ನಲೋಹಸಂಜ್ಞಾ ವಿಮರ್ಶೆ

ಸುಶ್ರುತಸಂಹಿತೆಯ ನಿದಾನಸ್ಥಾನದ 15ನೆಯ ಅಧ್ಯಾಯವು ಸಂಧಿಮುಕ್ತವನ್ನು 6 ಬಗೆಯಾಗಿಯೂ ಕಾಂಡಭಗ್ನವನ್ನು 12 ಬಗೆಯಾಗಿಯೂ ವಿಂಗಡಿಸುವುದು. ಎಲುಬನ್ನು ಬಿಗಿದ ಲೋಹವೇ ಮುಂದೆ ಕೆಡುವ ಪ್ರಸಂಗವು 1990ರಲ್ಲಿ ಅಂಗೀಕೃತವಾದ ವಿಶ್ವ ಆರೋಗ್ಯ ಸಂಸ್ಥೆಯ ರೋಗವರ್ಗೀಕರಣದ 10ನೆಯ ಪರಿಷ್ಕರಣದಲ್ಲಿದೆ. ಕೈಕಾಲೆಲುಬಿನ ಲೋಹವು ಮುರಿದರೂ ಜರುಗಿದರೂ ಟಿ 84.1, ಅದರಿಂದ ಸೋಂಕು ತಗಲಿದರೆ ಟಿ 84.6, ಭಗ್ನವಾದ ಎಲುಬು ಕೂಡದೆ ಉಳಿದರೆ ಎಂ 84.1.

ಈ ವಿವೇಚನೆ ಶ್ಲಾಘ್ಯವೇ. ಆದರೆ ಮುರಿತವನ್ನೂ ಜರುಗುವಿಕೆಯನ್ನೂ ಒಂದೇ ಸಂಜ್ಞೆಯಲ್ಲಡಗಿಸಿದುದು ಸಂಕರದೋಷ. ಚೋರನೂರಿನ ಕೂಲಿಕಾರನೊಬ್ಬನ ತೊಡೆಯೆಲುಬು ಕೂಡದೆ, ಭಾರವನ್ನೆಲ್ಲ ಹೊತ್ತು ದಣಿದ ಪಟ್ಟಿ ಮುರಿಯಿತೆಂದಿಟ್ಟುಕೊಂಡರೆ, ಟಿ 84.1 ಒಂದನ್ನೇ ಬರೆದಾಗ ತಪ್ಪೆಲ್ಲ ಲೋಹದ್ದಾಗುವುದು. ಕಾರಣವು ಮರೆಯಾದಲ್ಲಿ ಹೊಸ ಪಟ್ಟಿಯೂ ಮುರಿಯಬಹುದು. ಆದುದರಿಂದ ಎಂ 84.1ನ್ನೂ ಜೊತೆಗೆ ಬರೆಯುವುದೇ ಯುಕ್ತ. ಸಂಜ್ಞೆಯು ಅರ್ಥವನ್ನು ಸೂಚಿಸತಕ್ಕದ್ದು, ಮರೆಸತಕ್ಕದ್ದಲ್ಲ.