ಅಜ್ಜ ಎಂದು ಕರೆಯುವ ಮಾತು

ಅಮೆರಿಕದ ಮೂಲನಿವಾಸಿಗಳಾದ ಲಕೋಟಾ ಜನರ ನುಡಿಯಲ್ಲಿ ಪ್ರಾರ್ಥನೆ ಮಾಡುವುದಕ್ಕೆ ‘ಚೇಕಿಯಾ’ ಎನ್ನುತ್ತಾರೆ. ಎದುರಿಗಿದ್ದವರನ್ನು ಅಣ್ಣ, ಅತ್ತೆ, ಅಜ್ಜ ಎಂದು ನಂಟು ಹಿಡಿದು ಕರೆಯುವುದಕ್ಕೂ ಇದೇ ಮಾತು. ಇವು ಎರಡು ಅರ್ಥಗಳಲ್ಲ, ಒಂದೇ ಕ್ರಿಯೆ ಎಂದು 1944ರಲ್ಲಿ ‘ಸ್ಪೀಕಿಂಗ್ ಆಫ್ ಇಂಡಿಯನ್ಸ್’ ಪುಸ್ತಕದಲ್ಲಿ ತಿಳಿಸಿದವರು ಎಲಾ ಡೆಲೋರಿಯಾ. ಸ್ಟ್ಯಾಂಡಿಂಗ್ ರಾಕ್ ಮೀಸಲು ಪ್ರದೇಶದಲ್ಲಿ ಬೆಳೆದು, ಮಾನವಶಾಸ್ತ್ರಜ್ಞ ಫ್ರಾನ್ಜ್ ಬೋವಾಸ್ ಜೊತೆ ದುಡಿದ, ಲಕೋಟಾಗಳ ಸೋದರ ಜನರಾದ ಡಕೋಟಾಗಳಿಗೆ ಸೇರಿದ ಭಾಷಾವಿದುಷಿ ಅವರು. ಲಕೋಟಾ ಅಧ್ಯಾತ್ಮದ ಬಗ್ಗೆ ಬಂದಿರುವ ರಾಶಿ ಬರಹದಲ್ಲಿ ನನಗೆ ಅತ್ಯಂತ ಬೆಲೆಯುಳ್ಳದ್ದಾಗಿ ಕಂಡಿರುವುದು ಈ ಒಂದು ಗ್ರಹಿಕೆ.

ಇದನ್ನು ಹಿಡಿದು ನೋಡಿದರೆ ಉಳಿದದ್ದೆಲ್ಲ ತಾನಾಗಿ ಬಿಡಿಸಿಕೊಳ್ಳುತ್ತದೆ. ಪ್ರಾರ್ಥಿಸುವವನು ‘ತುಂಕಾಶಿಲಾ’ ಎನ್ನುತ್ತಾನೆ, ಅಂದರೆ ಅಜ್ಜ. ಭೂಮಿ ‘ಉನ್ಚಿ ಮಕಾ’, ಅಜ್ಜಿ. ‘ಓನ್ಶಿಮಾಲಾ ಯೆ’, ನನ್ನ ಮೇಲೆ ಕನಿಕರವಿಡು ಎಂದು ಬೇಡುತ್ತಾನೆ. ಗಂಡಸರು ಅಪ್ಪಣೆ ಕೊಡುವಾಗ ಮಾತಿನ ಕೊನೆಗೆ ಹಚ್ಚುವ ‘ಯೊ’ ಇಲ್ಲಿ ಬರುವುದಿಲ್ಲ. ಬೇಡಿಕೆಯ ‘ಯೆ’ಯೇ ಬರಬೇಕು. ಅಜ್ಜನ ಮುಂದೆ ಮೊಮ್ಮಗನಿಗೆ ಹಟ ಇರಬಹುದು, ಅಧಿಕಾರವಿಲ್ಲ. ಪ್ರಾರ್ಥನೆ ಮುಗಿಯುವುದು ‘ಮಿತಾಕುಯೆ ಓಯಾಸಿನ್’ ಎಂಬ ಮಾತಿನಿಂದ: ಎಲ್ಲರೂ ನನ್ನ ಬಂಧುಗಳು. ಈ ‘ಎಲ್ಲರೂ’ ಒಳಗೆ ಕಾಡೆಮ್ಮೆ, ಹದ್ದು, ಕಲ್ಲು ಸೇರಿವೆ. ಬಂಧು ಎಂದು ಕರೆದ ಮೇಲೆ ಬಂಧುವಿನ ಹಾಗೆ ನಡೆದುಕೊಳ್ಳುವ ಹೊಣೆಯೂ ಹೆಗಲೇರುತ್ತದೆ.

ಅನುವಾದಕರು ಎಡವಿದ್ದು ಇನ್ನೊಂದು ಪದದಲ್ಲಿ. ‘ವಕಾನ್ ತಾಂಕಾ’ ಎಂಬುದು ಇಂಗ್ಲಿಷಿಗೆ ಹೋಗಿ ‘ಗ್ರೇಟ್ ಸ್ಪಿರಿಟ್’ ಆಯಿತು. ಮಿಷನರಿಗಳಾದ ವಿಲಿಯಮ್ಸನ್ ಮತ್ತು ರಿಗ್ಸ್ 1879ರ ಡಕೋಟಾ ಬೈಬಲ್‌ನಲ್ಲಿ ದೇವರಿಗೆ ‘ವಕಾನ್ ತಾಂಕಾ’ ಎಂದೇ ಹೆಸರಿಟ್ಟರು. ಆದರೆ ಜನ ಆ ‘ವಕಾನ್’ ಎಂಬ ಪದವನ್ನು ಎಲ್ಲೆಲ್ಲಿ ಬಳಸಿದರು ನೋಡಿ. ಕುದುರೆ ‘ಶುಂಕಾ ವಕಾನ್’, ವಕಾನ್ ನಾಯಿ. ಬಂದೂಕು ‘ಮಾಜಾ ವಕಾನ್’, ವಕಾನ್ ಕಬ್ಬಿಣ. ಹೆಂಡವೂ ವಕಾನ್ ನೀರೇ. ಪವಿತ್ರ ಎಂಬ ಅರ್ಥ ಇಲ್ಲಿ ಎಲ್ಲಿ ಹೊಂದುತ್ತದೆ? ಬುದ್ಧಿಗೆ ನಿಲುಕದ್ದು, ಬಲವುಳ್ಳದ್ದು, ಅಪಾಯವೂ ಇರಬಹುದಾದದ್ದು ಅದು. ಹಾಗಾಗಿ ಕನ್ನಡದಲ್ಲಿ ‘ವಕಾನ್ ತಾಂಕಾ’ವನ್ನು ಪರಮಾತ್ಮ ಎಂದು ಬರೆಯುವುದೂ ತಪ್ಪೇ. ‘ಮಹಾ ನಿಗೂಢ’ ಎಂದರೆ ಸ್ವಲ್ಪ ಹತ್ತಿರ ಬಂದೀತು.

ಪೈನ್ ರಿಜ್ ಮೀಸಲು ಪ್ರದೇಶದಲ್ಲಿ ವೈದ್ಯರಾಗಿದ್ದ ಜೇಮ್ಸ್ ವಾಕರ್ ಲಕೋಟಾ ಹಿರಿಯರಿಂದ ಬಹಳಷ್ಟು ಕೇಳಿ ಬರೆದುಕೊಂಡರು. 1917ರಲ್ಲಿ ಅಚ್ಚಾದ ಸೂರ್ಯನೃತ್ಯವೆಂಬ ಹರಕೆಯ ವಿಧಿಯ ಕುರಿತ ಅವರ ಗ್ರಂಥವಿಲ್ಲದೆ ಈ ಅಧ್ಯಯನ ಮುಂದೆ ಸಾಗದು. ಆದರೂ ಅವರು ಕಟ್ಟಿಕೊಟ್ಟ ದೇವಗಣದ ವ್ಯವಸ್ಥೆ ಅತಿ ಅಚ್ಚುಕಟ್ಟು. ಮುಂದೆ ಬೋವಾಸ್ ಸೂಚನೆಯಂತೆ ಡೆಲೋರಿಯಾ ಊರೂರು ತಿರುಗಿ ವಿಚಾರಿಸಿದಾಗ ವಾಕರ್ ಬರೆದ ಎಷ್ಟೋ ಪುರಾಣಗಳನ್ನು ಬಲ್ಲವರೇ ಸಿಗಲಿಲ್ಲ.

ಜಗತ್ತಿಗೆ ಹೆಚ್ಚು ಪರಿಚಿತವಾದದ್ದು 1932ರ ‘ಬ್ಲ್ಯಾಕ್ ಎಲ್ಕ್ ಸ್ಪೀಕ್ಸ್’. ಲಕೋಟಾ ಹಿರಿಯ ಬ್ಲ್ಯಾಕ್ ಎಲ್ಕ್ ತಮ್ಮ ನುಡಿಯಲ್ಲಿ ಹೇಳಿದರು, ಮಗ ಬೆನ್ ಇಂಗ್ಲಿಷಿಗೆ ತಂದರು, ಕವಿ ಜಾನ್ ನೈಹಾರ್ಟ್ ಅವರ ಮಗಳು ಶೀಘ್ರಲಿಪಿಯಲ್ಲಿ ಬರೆದುಕೊಂಡರು, ಆಮೇಲೆ ನೈಹಾರ್ಟ್ ತಿದ್ದಿ ಬರೆದರು. ಇಷ್ಟು ಕೈ ದಾಟಿದ ಮಾತದು. ವಿದ್ವಾಂಸ ರೇಮಂಡ್ ಡಿಮ್ಯಾಲಿ 1984ರಲ್ಲಿ ಮೂಲ ಟಿಪ್ಪಣಿಗಳನ್ನು ಪ್ರಕಟಿಸಿದಾಗ, ಓದುಗರ ಕಣ್ಣು ತೇವಗೊಳಿಸಿದ್ದ ಕೊನೆಯ ವಿಲಾಪ ನೈಹಾರ್ಟ್ ಅವರದೇ ರಚನೆ ಎಂದು ತಿಳಿಯಿತು. 1904ರಲ್ಲಿ ಕ್ಯಾಥೊಲಿಕ್ ದೀಕ್ಷೆ ಪಡೆದ ಬ್ಲ್ಯಾಕ್ ಎಲ್ಕ್ ಹಲವು ವರ್ಷ ಧರ್ಮಬೋಧಕರಾಗಿದ್ದರು. ಪುಸ್ತಕದಲ್ಲಿ ಆ ಬದುಕಿಗೆ ಜಾಗವೇ ಸಿಗಲಿಲ್ಲ. ನೈಹಾರ್ಟ್ ಅವರಿಗೆ ಸೋತು ಮುಗಿದ ಜನಾಂಗದ ಕೊನೆಯ ನಿಟ್ಟುಸಿರು ಬೇಕಾಗಿತ್ತು, ಅದನ್ನೇ ಬರೆದುಬಿಟ್ಟರು. ಗದ್ಯ ಸುಂದರವಾಗಿದೆ, ನಿಜ. ಬದುಕಿರುವವರನ್ನು ಸತ್ತವರೆಂದು ಹಾಡುವ ಸೌಂದರ್ಯವನ್ನು ನಾನು ಒಪ್ಪಲಾರೆ.

ಆ ಜನ ಬದುಕಿ ಉಳಿದದ್ದು ಸುಲಭವಾಗಿ ಅಲ್ಲ. 1883ರ ಸರ್ಕಾರಿ ನಿಯಮಗಳು ಸೂರ್ಯನೃತ್ಯವನ್ನು ಅಪರಾಧವೆಂದವು. ವಸತಿಶಾಲೆಗಳಲ್ಲಿ ಮನೆಮಾತು ಆಡಿದ ಮಕ್ಕಳಿಗೆ ಶಿಕ್ಷೆಯಾಗುತ್ತಿತ್ತು. ಮೂಲನಿವಾಸಿಗಳ ಧಾರ್ಮಿಕ ಸ್ವಾತಂತ್ರ್ಯಕ್ಕೆ ಅಮೆರಿಕದ ಸಂಸತ್ತು ಕಾಯ್ದೆ ಮಾಡಿದ್ದು 1978ರಲ್ಲಿ. ಅಜ್ಜ ಎಂದು ಕರೆಯುವ ಮಾತನ್ನೇ ಕಿತ್ತುಕೊಂಡರೆ ಮಗು ಯಾರನ್ನು ಬೇಡಬೇಕು? ನಿಷೇಧ ತೆರವಾದ ಮೇಲೆ ವ್ಯಾಪಾರ ಬಂತು. ‘ಇನೀಪಿ’ ಎಂಬ ಉಗಿಗುಡಿಸಲಿನ ಶುದ್ಧೀಕರಣವನ್ನು ಹೊರಗಿನವರು ಹಣಕ್ಕೆ ಮಾರತೊಡಗಿದರು. 1993ರಲ್ಲಿ ಲಕೋಟಾ ಮುಖಂಡರು ಇಂಥ ಶೋಷಕರ ವಿರುದ್ಧ ಸಮರವನ್ನೇ ಘೋಷಿಸಿದರು. 2009ರಲ್ಲಿ ಅರಿಜೋನಾದ ಸೆಡೋನಾ ಬಳಿ ಸ್ವಸಹಾಯ ಗುರುವೊಬ್ಬ ನಡೆಸಿದ ಅಂಥದೇ ಗುಡಿಸಲಿನಲ್ಲಿ ಬೆಂದು ಮೂವರು ಸತ್ತರು. ನಂಟಿನ ಹೊಣೆಯನ್ನು ಬಿಟ್ಟು ವಿಧಿಯನ್ನಷ್ಟೇ ಎತ್ತಿಕೊಂಡು ಹೋದದ್ದರ ಪರಿಣಾಮವಿದು.

ಡೆಲೋರಿಯಾ ಬರಹದಲ್ಲೂ ಕೊರತೆ ಇದೆ. ಅವರು ಪಾದ್ರಿಯ ಮಗಳು. ನಂಟಸ್ತಿಕೆಯನ್ನು ಕ್ರೈಸ್ತ ಓದುಗರಿಗೆ ಒಪ್ಪುವಂತೆ ಹೇಳುವ ಆತುರದಲ್ಲಿ, ಮಾಂಸ ಸೀಳಿಕೊಂಡು ಹರಕೆ ಸಲ್ಲಿಸುವ ಸೂರ್ಯನೃತ್ಯದ ಕಠೋರತೆ ಕೆಲವೊಮ್ಮೆ ಹಿಂದೆ ಸರಿಯುತ್ತದೆ. ಆದರೆ ಡೆಲೋರಿಯಾ ಕಥೆ ಹೇಳಿದವರ ಮಾತನ್ನು ಹೇಳಿದವರ ನುಡಿಯಲ್ಲೇ ಉಳಿಸಿದರು. ನೈಹಾರ್ಟ್ ಪುಸ್ತಕ ಬಂದ ಅದೇ 1932ರಲ್ಲಿ ಡೆಲೋರಿಯಾ ಅವರ ‘ಡಕೋಟಾ ಟೆಕ್ಸ್ಟ್ಸ್’ ಪ್ರಕಟವಾಯಿತು: 64 ಕಥೆಗಳು, ಮೂಲ ಮಾತು, ಜೊತೆಗೆ ಅನುವಾದ. ಮೊದಲಿನದು ಮತ್ತೆ ಮತ್ತೆ ಅಚ್ಚಾಗಿ ಲೋಕಪ್ರಸಿದ್ಧವಾಯಿತು. ಎರಡನೆಯದನ್ನು ಹೆಚ್ಚಾಗಿ ಭಾಷಾತಜ್ಞರೇ ಓದಿದರು. ಲಕೋಟಾ ಪ್ರಾರ್ಥನೆಯನ್ನು ಅರಿಯಬೇಕೆನ್ನುವವರು ದಯವಿಟ್ಟು ಎರಡನೆಯದರಿಂದ ಆರಂಭಿಸಿ.