ಕಣ್ಣೀರಿನಾಚೆಯ ವಿವೇಕ: ಇಸಾವೊ ತಕಹತರ ಚಿತ್ರಕೃತಿಗಳು

ಕರುಣೆಯನ್ನು ಉದ್ದೀಪಿಸುವ ಕೃತಿ ಬೇಗನೆ ಜನಪ್ರಿಯವಾಗುತ್ತದೆ. ಆದರೆ ಚಿತ್ರಮಂದಿರದಲ್ಲಿ ಕಣ್ಣೀರು ಸುರಿಸಿದವರೆಲ್ಲರೂ ದಯಾವಂತರಾದರೆಂದು ಹೇಳಲಾಗದು. ಅಳು ಕ್ಷಣಿಕ, ನಡತೆ ದೀರ್ಘಕಾಲದ್ದು. ಈ ಭೇದವನ್ನು ಜೀವನಪರ್ಯಂತ ಮನಸ್ಸಿನಲ್ಲಿರಿಸಿಕೊಂಡು ಕೃತಿ ರಚಿಸಿದವರಲ್ಲಿ ಜಪಾನಿನ ಅನಿಮೇಷನ್ ಚಿತ್ರ ನಿರ್ದೇಶಕ ಇಸಾವೊ ತಕಹತ (1935–2018) ಪ್ರಮುಖರು. ಮಕ್ಕಳ ಮನರಂಜನೆಯೆಂದು ಬಹುಜನರು ಬಗೆದಿರುವ ಮಾಧ್ಯಮದಲ್ಲಿ ಅವರು ಮನುಷ್ಯನ ನಿತ್ಯದ ನಡೆನುಡಿಗಳನ್ನು ಒರೆಗೆ ಹಚ್ಚಿದರು. ಅವರ ಗೆಳೆಯರೂ ಸಹೋದ್ಯೋಗಿಗಳೂ ಆದ ಹಯಾವೊ ಮಿಯಜಾಕಿಯವರ ಹೆಸರು ಲೋಕವಿಖ್ಯಾತವಾಗಿದೆ; ತಕಹತರ ಹೆಸರು ಅಷ್ಟು ಪರಿಚಿತವಲ್ಲ. ಆದರೂ ನೀತಿವಿಚಾರದಲ್ಲಿ ಆಸಕ್ತಿಯುಳ್ಳವರು ಮೊದಲು ನೋಡಬೇಕಾದುದು ತಕಹತರ ಚಿತ್ರಗಳನ್ನು.

ಮಿಯೆ ಪ್ರಾಂತದಲ್ಲಿ ಜನಿಸಿದ ತಕಹತ ಬಾಲ್ಯವನ್ನು ಒಕಯಾಮ ನಗರದಲ್ಲಿ ಕಳೆದರು. 1945ರ ಜೂನ್ 29ರಂದು ಆ ನಗರದ ಮೇಲೆ ಬಾಂಬುಗಳು ಬಿದ್ದಾಗ ಒಂಬತ್ತು ವರ್ಷದ ಬಾಲಕ ಅಕ್ಕನೊಂದಿಗೆ ಬೆಂಕಿಯ ನಡುವೆ ಓಡಿ ಜೀವ ಉಳಿಸಿಕೊಂಡನು. ಮುಂದೆ ಟೋಕಿಯೊ ವಿಶ್ವವಿದ್ಯಾನಿಲಯದಲ್ಲಿ ಫ್ರೆಂಚ್ ಸಾಹಿತ್ಯವನ್ನು ಅಭ್ಯಾಸಮಾಡಿ, 1959ರಲ್ಲಿ ತೋಯೆ ಸಂಸ್ಥೆಯ ಅನಿಮೇಷನ್ ವಿಭಾಗವನ್ನು ಸೇರಿದರು. ಅವರು ಚಿತ್ರ ಬರೆಯುವವರಲ್ಲವೆಂಬುದು ಗಮನಾರ್ಹ. ಇತರರ ಕೈಯಿಂದ ಬರೆಯಿಸಿ, ತಾವು ನೋಡಿ, ತೂಗಿ, ತಿದ್ದುವುದು ಅವರ ಕಾರ್ಯ. ಕುಂಚ ಹಿಡಿಯದವನಿಗೆ ಕುಂಚದ ಚಮತ್ಕಾರದ ಮೋಹ ಕಡಿಮೆ. ದೃಶ್ಯವು ಸತ್ಯವಾಗಿದೆಯೇ ಎಂಬ ಪ್ರಶ್ನೆಯೇ ಅವರಿಗೆ ಮುಖ್ಯವಾಗಿದ್ದುದಕ್ಕೆ ಇದೂ ಒಂದು ಕಾರಣವಿದ್ದೀತು.

ಅವರು ನಿರ್ದೇಶಿಸಿದ ಮೊದಲ ಪೂರ್ಣಪ್ರಮಾಣದ ಚಿತ್ರ 1968ರ 'ಸೂರ್ಯನ ರಾಜಕುಮಾರ ಹೋರುಸ್'. ನಿಗದಿಯಾದ ಅವಧಿ ಮೀರಿತು, ವೆಚ್ಚವೂ ಮೀರಿತು. ಪ್ರೇಕ್ಷಕರು ಮಾತ್ರ ಬರಲಿಲ್ಲ. 1971ರಲ್ಲಿ ತೋಯೆಯನ್ನು ಬಿಟ್ಟ ಅವರು 1974ರಲ್ಲಿ ದೂರದರ್ಶನಕ್ಕಾಗಿ 52 ಕಂತುಗಳ 'ಹೈಡಿ'ಯನ್ನು ನಿರ್ದೇಶಿಸಿದರು. ಅದಕ್ಕಾಗಿ ಸಹೋದ್ಯೋಗಿಗಳೊಂದಿಗೆ ಸ್ವಿಟ್ಜರ್ಲೆಂಡಿಗೇ ಹೋಗಿ ಬೆಟ್ಟ, ಮನೆ, ಹುಲ್ಲುಗಾವಲುಗಳನ್ನು ನೋಡಿಬಂದರು. ಆ ಕಥೆಯಲ್ಲಿ ದುಷ್ಟನಿಲ್ಲ, ಯುದ್ಧವಿಲ್ಲ. ರೊಟ್ಟಿ ಸುಡುವುದು, ಗಿಣ್ಣು ಕರಗುವುದು, ಹುಲ್ಲಿನ ಹಾಸಿಗೆ ಹಾಸುವುದು ಇವೇ ಅಲ್ಲಿಯ ಘಟನೆಗಳು. ನಿತ್ಯಜೀವನವನ್ನು ಗೌರವದಿಂದ ನೋಡಿದರೆ ಅದರಲ್ಲಿಯೇ ರಸವಿದೆಯೆಂಬುದನ್ನು ಈ ಕೃತಿ ತೋರಿಸಿಕೊಟ್ಟಿತು. 1985ರಲ್ಲಿ ಜಿಬ್ಲಿ ಸ್ಟುಡಿಯೊ ಸ್ಥಾಪನೆಯಾದ ಮೇಲೆ ಅವರ ಪ್ರೌಢ ಕೃತಿಗಳು ಬಂದವು.

ಅವುಗಳಲ್ಲಿ 1988ರ 'ಮಿಂಚುಹುಳುಗಳ ಸಮಾಧಿ' ಅತ್ಯಂತ ಪ್ರಸಿದ್ಧ. ತಂಗಿಯನ್ನು ಹಸಿವಿನಿಂದ ಕಳೆದುಕೊಂಡ ಪಶ್ಚಾತ್ತಾಪದಲ್ಲಿ ಅಕಿಯುಕಿ ನೊಸಕ 1967ರಲ್ಲಿ ಬರೆದ ಕಥೆಯೇ ಇದಕ್ಕೆ ಆಧಾರ. ಕೋಬೆ ನಗರದ ಮೇಲಿನ ದಾಳಿಯಲ್ಲಿ ತಾಯಿಯನ್ನು ಕಳೆದುಕೊಂಡ ಹದಿನಾಲ್ಕರ ಸೈತ ಮತ್ತು ನಾಲ್ಕು ವರ್ಷದ ಸೆತ್ಸುಕೊ ಬಂಧುವೊಬ್ಬಳ ಮನೆಯನ್ನು ಸೇರುತ್ತಾರೆ. ಕಡೆಗೆ ಇಬ್ಬರೂ ಹಸಿವಿನಿಂದ ಸಾಯುತ್ತಾರೆ. ಇದನ್ನು ನೋಡಿ ಅಳದವರು ವಿರಳ. ಯುದ್ಧದ ಕ್ರೌರ್ಯಕ್ಕೆ ಬಲಿಯಾದ ಮುಗ್ಧರ ಕಥೆಯೆಂದು ಹೇಳಿ ವಿಮರ್ಶಕರು ಸಾಮಾನ್ಯವಾಗಿ ಅಲ್ಲಿಗೇ ನಿಲ್ಲುತ್ತಾರೆ. ನಿರ್ದೇಶಕರಾದರೋ ಇದನ್ನು ಕೇವಲ ಯುದ್ಧವಿರೋಧಿ ಚಿತ್ರವೆಂದು ಕರೆಯಲು ಒಪ್ಪಲಿಲ್ಲ. ಸಮಾಜದಿಂದ ಬೇರ್ಪಟ್ಟು ತಮ್ಮದೇ ಲೋಕ ಕಟ್ಟಿಕೊಳ್ಳಹೊರಟ ಇಬ್ಬರ ಕಥೆಯೆಂದೇ ಅವರು ಭಾವಿಸಿದ್ದರು.

ಚಿತ್ರವನ್ನು ಲೆಕ್ಕದ ಪುಸ್ತಕದಂತೆ ಪುಟಪುಟವಾಗಿ ನೋಡಿದರೆ ಈ ಮಾತಿನ ಅರ್ಥ ತಿಳಿಯುತ್ತದೆ. ಸತ್ತ ತಾಯಿಯ ಕಿಮೊನೊಗಳನ್ನು ಮಾರಿ ಬಂಧುವು ಅಕ್ಕಿ ತರುತ್ತಾಳೆ. ಅದರಲ್ಲಿ ತನ್ನ ಪಾಲನ್ನೂ ತೆಗೆದುಕೊಳ್ಳುತ್ತಾಳೆ. ದುಡಿಯುವವರಿಗೆ ಅನ್ನ, ದುಡಿಯದವರಿಗೆ ಗಂಜಿ ಎಂಬ ಭೇದ ಮಾಡುತ್ತಾಳೆ. ಅವಳ ನಾಲಗೆ ಕಠೋರ. ಆದರೆ ಅಕ್ಕಿಯ ಡಬ್ಬ ಬರಿದಾಗುತ್ತಿರುವುದೂ ಸುಳ್ಳಲ್ಲ. ಇತ್ತ ಸೈತನು ಕೆಲಸಕ್ಕೆ ಹೋಗುವುದಿಲ್ಲ, ನೆರೆಹೊರೆಯ ಹೊಣೆಗಳಲ್ಲಿ ಸೇರುವುದಿಲ್ಲ. ಬ್ಯಾಂಕಿನಲ್ಲಿ ತಾಯಿ ಉಳಿಸಿದ 7,000 ಯೆನ್ ಇದೆಯೆಂಬ ಧೈರ್ಯದಿಂದ ಬೇರೆ ಒಲೆ ಹೂಡುತ್ತಾನೆ. ಬಳಿಕ ತಂಗಿಯನ್ನು ಕರೆದುಕೊಂಡು ಕೊಳದ ಬದಿಯ ಗುಹೆ ಸೇರುತ್ತಾನೆ. ಕ್ಷಮೆ ಕೇಳಿ ಆ ಮನೆಗೇ ಹಿಂದಿರುಗು ಎಂದು ರೈತನೊಬ್ಬ ಹೇಳಿದ ಹಿತವಚನ ಅವನಿಗೆ ಹಿಡಿಸುವುದಿಲ್ಲ. ತಂಗಿಯ ಶರೀರ ಒಣಗುತ್ತಿದ್ದರೂ ಹಣ ಬ್ಯಾಂಕಿನಲ್ಲಿ ಉಳಿದೇ ಇರುತ್ತದೆ. ಕೊನೆಯ ಮೊತ್ತವನ್ನು ತೆಗೆದುಕೊಳ್ಳಲು ಹೋದಾಗಲೇ ಯುದ್ಧ ಮುಗಿದ ವಾರ್ತೆ ಅವನ ಕಿವಿಗೆ ಬೀಳುತ್ತದೆ.

ಇಲ್ಲಿ ಕೊಂದವರು ಯಾರು? ಬಾಂಬು ಕೊಂದಿತು, ಬಂಧುವಿನ ತಾತ್ಸಾರ ಕೊಂದಿತು, ಬಾಲಕನ ಅಭಿಮಾನವೂ ಕೊಂದಿತು. ಹದಿನಾಲ್ಕು ವರ್ಷದವನ ಮೇಲೆ ದೋಷ ಹೊರಿಸುವುದು ನಿರ್ದಯವೆಂದು ತೋರಬಹುದು. ಆದರೆ ತಕಹತರು ದೋಷ ಹೊರಿಸುವುದಿಲ್ಲ, ಲೆಕ್ಕವನ್ನು ಮುಂದಿಡುತ್ತಾರೆ. ತಂಗಿಯ ಮೇಲಿನ ಪ್ರೀತಿ ನಿಜವಾಗಿದ್ದರೂ, ತಲೆಬಾಗಲು ಒಲ್ಲದ ಅಭಿಮಾನ ಆ ಪ್ರೀತಿಯ ಕೈಯನ್ನು ಕಟ್ಟಿಹಾಕಬಲ್ಲುದು. ಸೈತನಿಗಾಗಿ ಅಳುವ ಪ್ರೇಕ್ಷಕನು ಆ ಬಂಧುವಿನಲ್ಲಿ ತನ್ನನ್ನು ಕಾಣುವುದಿಲ್ಲ. ಕಷ್ಟಕಾಲದಲ್ಲಿ ಬಾಗಿಲಿಗೆ ಬಂದ ಅನಾಥರ ತಟ್ಟೆಗೆ ಎಷ್ಟು ಅನ್ನ ಬಡಿಸಿದೆವು ಎಂಬುದನ್ನು ನೆನೆದವನು ಮಾತ್ರ ಈ ಚಿತ್ರವನ್ನು ಪೂರ್ತಿಯಾಗಿ ನೋಡಿದಂತೆ. ಯಾತನೆಯನ್ನು ತೋರಿಸುವ ಚಿತ್ರಗಳಿಂದ ಯುದ್ಧ ತಪ್ಪುವುದಿಲ್ಲವೆಂದು ತಕಹತರು ಮುಂದೆ ಹೇಳುತ್ತಿದ್ದರು. ಇಂಥ ಯಾತನೆ ಮರುಕಳಿಸಬಾರದೆಂಬ ಮಾತನ್ನೇ ಹೇಳಿ ಮುಂದಿನ ಯುದ್ಧಕ್ಕೆ ಜನರನ್ನು ಸಿದ್ಧಗೊಳಿಸಲೂ ಬರುತ್ತದೆಂಬುದು ಅವರ ಎಚ್ಚರಿಕೆಯಾಗಿತ್ತು.

1991ರ 'ನಿನ್ನೆಯ ನೆನಪು ಹನಿಹನಿ'ಯಲ್ಲಿ ಇದೇ ವಿವೇಕವು ಒಳಮುಖವಾಗುತ್ತದೆ. ಇಪ್ಪತ್ತೇಳರ ಟೊಕಿಯೊ ಯುವತಿ ತಯೆಕೊ ಕುಸುಬೆ ಹೂ ಬಿಡಿಸಲು ಯಮಗತಕ್ಕೆ ಹೋಗುತ್ತಾಳೆ. ಐದನೆಯ ತರಗತಿಯ ನೆನಪುಗಳು ಅವಳ ಜೊತೆಗೇ ಪ್ರಯಾಣ ಮಾಡುತ್ತವೆ. ಅವುಗಳಲ್ಲಿ ಅಬೆ ಎಂಬ ಬಡ ಬಾಲಕನ ನೆನಪು ಮುಖ್ಯವಾದುದು. ಅವನ ಕೊಳಕನ್ನು ಹೀಗಳೆದವರ ಗುಂಪಿನಲ್ಲಿ ಅವಳು ಸೇರಲಿಲ್ಲ. ಆದರೂ ಶಾಲೆ ಬಿಟ್ಟುಹೋಗುವಾಗ ಅವನು ಅವಳೊಬ್ಬಳ ಕೈಕುಲುಕಲು ಮಾತ್ರ ನಿರಾಕರಿಸಿದನು. ಬಾಯಿಯಲ್ಲಿ ಹೀಗಳೆಯದಿದ್ದರೂ ಮನಸ್ಸಿನಲ್ಲಿ ಎಲ್ಲರಿಗಿಂತ ಹೆಚ್ಚು ಹೇಸಿದವಳು ತಾನೇ ಎಂಬ ಅರಿವು ಅವಳನ್ನು ವರ್ಷಗಳ ಬಳಿಕವೂ ಬಿಡುವುದಿಲ್ಲ. ಕೇಳುತ್ತಿದ್ದ ತೊಶಿಯೊ ಎಂಬ ರೈತ ಯುವಕನು ಆ ಬಾಲಕನ ನಡತೆಗೆ ಸ್ನೇಹದ ಅರ್ಥವನ್ನೂ ಹೇಳಬಹುದೆಂದು ಸಮಾಧಾನಪಡಿಸುತ್ತಾನೆ. ಎರಡರಲ್ಲಿ ಯಾವುದು ಸತ್ಯವೆಂದು ಚಿತ್ರ ತೀರ್ಪು ಕೊಡುವುದಿಲ್ಲ. ಮನಸ್ಸಿನಲ್ಲಿ ನಡೆದ ತಿರಸ್ಕಾರವೂ ಲೆಕ್ಕಕ್ಕೆ ಬರುತ್ತದೆಂಬ ಈ ಸೂಕ್ಷ್ಮವನ್ನು ಇಷ್ಟು ಸರಳವಾಗಿ ಹೇಳಿದ ಚಿತ್ರಗಳು ಹೆಚ್ಚಿಲ್ಲ.

1994ರ 'ಪೊಂಪೊಕೊ'ದಲ್ಲಿ ವಿಷಯ ಜೀವದಯೆಯದು. ಟೋಕಿಯೊ ಬಳಿಯ ತಮಾ ಗುಡ್ಡಗಳನ್ನು ಕಡಿದು ಹೊಸ ನಗರ ಕಟ್ಟಿದಾಗ ಅಲ್ಲಿಯ ತನುಕಿ ಎಂಬ ಕಾಡುಪ್ರಾಣಿಗಳು ರೂಪಾಂತರದ ವಿದ್ಯೆಯಿಂದ ಮನುಷ್ಯರನ್ನು ಓಡಿಸಲು ಹೊರಡುತ್ತವೆ. ಇಲ್ಲಿಯೂ ತಕಹತರು ಪಕ್ಷಪಾತ ಮಾಡುವುದಿಲ್ಲ. ತಮ್ಮ ಉಪಾಯದಿಂದ ಸತ್ತ ಕೆಲಸಗಾರರಿಗಾಗಿ ಮೌನ ಆಚರಿಸಹೊರಟ ತನುಕಿಗಳು ನಗು ತಡೆಯಲಾರದೆ ಹೋಗುತ್ತವೆ. ಪೀಡಿತರಲ್ಲಿಯೂ ಹಿಂಸೆಯ ಹರ್ಷ ಹುಟ್ಟುವುದನ್ನು ನಿರ್ದೇಶಕರು ಮರೆಮಾಚುವುದಿಲ್ಲ. ಅವು ಪ್ರಾಣವನ್ನೇ ಒತ್ತೆಯಿಟ್ಟು ನಡೆಸಿದ ಭೂತಗಳ ಮೆರವಣಿಗೆಯನ್ನು ಮನರಂಜನಾ ಉದ್ಯಾನದ ಮಾಲಿಕನೊಬ್ಬ ತನ್ನ ಜಾಹೀರಾತೆಂದು ಹೇಳಿಕೊಳ್ಳುತ್ತಾನೆ. ಮೂಕಜೀವಿಗಳ ಆರ್ತನಾದವನ್ನೂ ಲಾಭಕ್ಕೆ ತಿರುಗಿಸಿಕೊಳ್ಳುವ ವ್ಯಾಪಾರಬುದ್ಧಿಗೆ ಇದಕ್ಕಿಂತ ತೀಕ್ಷ್ಣವಾದ ವಿಡಂಬನೆ ಬೇಕಿಲ್ಲ. ಆದರೆ ಈ ಚಿತ್ರದಲ್ಲಿ ನಿರೂಪಕನ ಮಾತು ಅತಿಯಾಯಿತು. ದೃಶ್ಯವೇ ಹೇಳಿದುದನ್ನು ಮಾತು ಮತ್ತೆ ಹೇಳುವುದರಿಂದ ಉಪದೇಶ ಭಾರವಾಗುತ್ತದೆ.

2013ರ 'ರಾಜಕುಮಾರಿ ಕಗುಯಾ' ಅವರ ಕೊನೆಯ ಚಿತ್ರ. ಬಿದಿರು ಕಡಿಯುವವನಿಗೆ ಬಿದಿರಿನಲ್ಲಿ ಮಗು ದೊರೆಯುತ್ತದೆ, ಬಳಿಕ ಚಿನ್ನವೂ ದೊರೆಯುತ್ತದೆ. ಮಗಳ ಸುಖಕ್ಕೆಂದೇ ಅವನು ಅರಮನೆ ಕಟ್ಟಿಸುತ್ತಾನೆ, ಶ್ರೀಮಂತ ವರರನ್ನು ಹುಡುಕುತ್ತಾನೆ. ಅವನ ಪ್ರೀತಿಯಲ್ಲಿ ಕಪಟವಿಲ್ಲ. ಮಗಳಿಗೆ ಏನು ಬೇಕೆಂದು ಕೇಳದಿರುವುದೇ ಅವನ ದೋಷ. ಮಕ್ಕಳ ವಿವಾಹ, ವಿದ್ಯೆ, ಉದ್ಯೋಗಗಳನ್ನು ಹಿರಿಯರೇ ನಿಶ್ಚಯಿಸುವ ಮನೆಗಳಲ್ಲಿ ಈ ಚಿತ್ರವನ್ನು ತಂದೆತಾಯಿಗಳು ಒಟ್ಟಿಗೆ ಕುಳಿತು ನೋಡುವುದು ಒಳ್ಳೆಯದು.

ಅಂತ್ಯದಲ್ಲಿ ಚಂದ್ರಲೋಕದವರು ವಾದ್ಯಘೋಷದೊಡನೆ ಬಂದು, ದುಃಖವಿಲ್ಲದ ಶುದ್ಧಲೋಕಕ್ಕೆ ಅವಳನ್ನು ಕರೆದೊಯ್ಯುತ್ತಾರೆ. ಅವರ ವಸ್ತ್ರ ಹೊದೆದೊಡನೆ ಭೂಮಿಯ ನೆನಪೆಲ್ಲ ಅಳಿಯುತ್ತದೆ. ಅವಳಾದರೋ ಸುಖದುಃಖಗಳೆರಡೂ ಇರುವ ಭೂಮಿಯನ್ನೇ ಬಯಸುತ್ತಾಳೆ. ಇದನ್ನು ವಿರಕ್ತಿಯ ನಿಂದೆಯೆಂದು ಕೆಲವರು ಬಗೆಯಬಹುದು. ಆ ಆಕ್ಷೇಪಣೆ ನಿಲ್ಲದು. ಮರೆವು ವಿರಕ್ತಿಯಲ್ಲ. ತಿಳಿದು ಬಿಡುವುದು ತ್ಯಾಗ. ತಿಳಿವನ್ನೇ ಕಳೆದುಕೊಳ್ಳುವುದು ತ್ಯಾಗವಾಗದು. ಚಿತ್ರ ನಿರಾಕರಿಸುವುದು ಈ ಎರಡನೆಯದನ್ನು.

ಈ ಒಂದು ಚಿತ್ರಕ್ಕೆ ಸುಮಾರು ಎಂಟು ವರ್ಷಗಳೂ ಸುಮಾರು 500 ಕೋಟಿ ಯೆನ್ನುಗಳೂ ವೆಚ್ಚವಾದವು. ಚಿತ್ರಮಂದಿರಗಳಿಂದ ಬಂದ ಹಣ ಅದರ ಅರ್ಧದಷ್ಟು. ವ್ಯಾಪಾರದ ದೃಷ್ಟಿಯಲ್ಲಿ ಇದು ನಷ್ಟವೇ. ಕಾಲದ, ಹಣದ, ಸಹೋದ್ಯೋಗಿಗಳ ಶ್ರಮದ ಮಿತಿಯನ್ನು ಮೀರುವುದು ಮೊದಲ ಚಿತ್ರದಿಂದ ಕೊನೆಯ ಚಿತ್ರದವರೆಗೆ ತಕಹತರನ್ನು ಬಿಡದ ದೋಷ. ಪರದೆಯ ಮೇಲೆ ಪ್ರತಿಯೊಂದು ತುತ್ತಿನ ಲೆಕ್ಕವಿಟ್ಟವರು ತಮ್ಮವರ ದುಡಿಮೆಯ ಲೆಕ್ಕವನ್ನು ಅಷ್ಟು ಕಟ್ಟುನಿಟ್ಟಾಗಿ ಇಡಲಿಲ್ಲವೆಂಬುದನ್ನು ಹೇಳದೆ ಬಿಡಲಾಗದು. ಇನ್ನೊಂದು ಪಕ್ಕದಲ್ಲಿ ನಿಪ್ಪಾನ್ ದೂರದರ್ಶನ ಸಂಸ್ಥೆಯ ಅಧ್ಯಕ್ಷ ಸೆಯಿಚಿರೊ ಉಜಿಯೆ ಇದ್ದಾರೆ. ತಕಹತರ ಇನ್ನೊಂದು ಚಿತ್ರ ಬರಲೇಬೇಕೆಂದು ಹಟಹಿಡಿದು ಬೆಂಬಲಕ್ಕೆ ನಿಂತ ಆ ಮಹನೀಯರು 2011ರಲ್ಲಿ, ಚಿತ್ರ ಮುಗಿಯುವ ಮೊದಲೇ ತೀರಿಕೊಂಡರು. ಫಲವನ್ನು ತಾನು ಕಾಣುವೆನೆಂಬ ಭರವಸೆಯಿಲ್ಲದೆ ಕೊಟ್ಟದ್ದೇ ಉತ್ತಮವಾದ ಕೊಡುಗೆ. ಸಾಹಿತ್ಯ, ಕಲೆ, ಶಾಸ್ತ್ರಗಳಿಗೆ ಆಶ್ರಯ ನೀಡುವ ಸಂಸ್ಥೆಗಳು ಇದನ್ನು ಮನನ ಮಾಡಬೇಕು.

ತಕಹತರು 2018ರ ಏಪ್ರಿಲ್ 5ರಂದು ನಿಧನರಾದರು. ಅವರ ಚಿತ್ರಗಳಲ್ಲಿ ಶಿಕ್ಷಿಸಲು ಯೋಗ್ಯನಾದ ದುಷ್ಟನು ಸಿಗುವುದು ಅಪರೂಪ. ಇರುವವರು ಗಂಜಿ ಬಡಿಸುವ ಬಂಧು, ಹೇಸಿದ ಬಾಲಕಿ, ಕೇಳಲು ಮರೆತ ತಂದೆ. ಇವರು ಪ್ರತಿಯೊಂದು ಮನೆಯಲ್ಲಿಯೂ ಇರುವವರೇ. ಬೇರೆಯವರ ಕ್ರೌರ್ಯವನ್ನು ಕಂಡು ಅಳುವುದಕ್ಕಿಂತ ತನ್ನ ಸಣ್ಣ ಕಠೋರತೆಯನ್ನು ಗುರುತಿಸಿ ತಿದ್ದಿಕೊಳ್ಳುವುದು ಕಷ್ಟ. ತಕಹತರು ಪ್ರೇಕ್ಷಕನಿಂದ ನಿರೀಕ್ಷಿಸಿದುದು ಈ ಕಷ್ಟದ ಕೆಲಸವನ್ನು.